ಮುಗಿಲಿನ ಮರ್ಯಾದೆ

ಸಿರುಗುಪ್ಪದಿಂದ ಆದೋನಿಗೆ ಹೋಗುವವರು ರಾರಾವಿಯ ಬಳಿ ಹಗರಿಯನ್ನು ದಾಟುತ್ತಾರೆ. ಬಾಬಾಬುಡನ್ ಗಿರಿಗಳ ಮಗ್ಗುಲಲ್ಲಿ ಹುಟ್ಟಿ, ವೇದಾವತಿಯೆಂಬ ಗಂಭೀರವಾದ ಹೆಸರನ್ನು ಹೊತ್ತು ಹೊರಟ ಈ ನದಿ ಬಳ್ಳಾರಿಯ ಎರೆನೆಲಕ್ಕೆ ಬರುವ ವೇಳೆಗೆ ಆ ಹೆಸರನ್ನೂ ಬಹುಪಾಲು ನೀರನ್ನೂ ಹಿಂದೆ ಬಿಟ್ಟು ಬಂದಿರುತ್ತದೆ. ವರ್ಷದ ಹೆಚ್ಚು ತಿಂಗಳು ಸೇತುವೆಯ ಕೆಳಗೆ ಕಾಣುವುದು ಮರಳೇ. ಆದರೆ ಆ ಮರಳಿನ ಮೇಲೆ ಹರಿದ, ಹರಿಯಬೇಕಾಗಿದ್ದ, ಹರಿಯದೆ ಹೋದ ನೀರನ್ನು ಕುರಿತು ಬರೆದಿಟ್ಟ ಕಾಗದಕ್ಕೆ ಮಾತ್ರ ಕೊರತೆಯಿಲ್ಲ. 1892ರಲ್ಲಿ ಮೈಸೂರು ಸಂಸ್ಥಾನವೂ ಮದರಾಸು ಸರಕಾರವೂ ಮಾಡಿಕೊಂಡ ಒಪ್ಪಂದದ ನದಿಗಳ ಪಟ್ಟಿಯಲ್ಲಿ ಹಗರಿಯ ಹೆಸರಿದೆ. ಮೇಲಿನವರು ಕೆಳಗಿನವರನ್ನು ಕೇಳದೆ ಹೊಸದಾಗಿ ನೀರು ಕಟ್ಟಿಕೊಳ್ಳಕೂಡದೆಂಬುದು ಅದರ ತಿರುಳು. 1907ರಲ್ಲಿ ಮಾರಿಕಣಿವೆಯ ಅಣೆಕಟ್ಟು ಮುಗಿದು ವಾಣೀವಿಲಾಸ ಸಾಗರವಾಯಿತು. 1944ರಲ್ಲಿ ಮದರಾಸು, ಹೈದರಾಬಾದುಗಳು ತುಂಗಭದ್ರೆಯ ವಿಷಯದಲ್ಲಿ ಕೈಗೂಡಿಸಿದುವು. 1953ರಲ್ಲಿ ತುಂಗಭದ್ರಾ ಮಂಡಳಿ ಬಂದಿತು. 1969ರಲ್ಲಿ ನೇಮಕವಾದ ಬಚಾವತ್ ನ್ಯಾಯಮಂಡಳಿ 1973ರಲ್ಲಿ ಕೃಷ್ಣೆಯ ಕೊಳ್ಳವನ್ನೆಲ್ಲ ಅಳೆದು ತೀರ್ಪು ಹೇಳಿತು. ಈ ಸೀಮೆಯಲ್ಲಿ ಹಾದು ಆಂಧ್ರದ ಕಡೆಗೆ ಹೋಗುವ ಕೆಳಮಟ್ಟದ ಕಾಲುವೆಯ ನೀರಿಗೆ ಇಂದಿಗೂ ಅಳತೆಯ ಪಟ್ಟಿಯುಂಟು, ಲೆಕ್ಕದ ಪುಸ್ತಕವುಂಟು, ಜಗಳವೂ ಉಂಟು.

ಈ ನೀರೆಲ್ಲವೂ ನೆಲಕ್ಕೆ ಬೀಳುವ ಮುನ್ನ ಮೋಡವಾಗಿತ್ತು. ಆಗ ಅದು ಯಾರದು? ಅದನ್ನು ಮಂತ್ರದಿಂದಲೋ ಯಂತ್ರದಿಂದಲೋ ತಡೆದು ಕರೆದು ಇಳಿಸಿಕೊಳ್ಳುವ ಅಧಿಕಾರ ಯಾರಿಗೆ? ಹಾಗೆ ಇಳಿಸಿಕೊಂಡವನು ನೆರೆಯವನಿಗೆ ಉತ್ತರ ಹೇಳಬೇಕೆ? ನದಿಗಾಗಿ ಒಂದು ಶತಮಾನಕ್ಕೂ ಮಿಕ್ಕು ವಾದಿಸಿದ ನಾವು ಈ ಪ್ರಶ್ನೆಯನ್ನು ಕೇಳಿದುದು ಕಡಮೆ.

ನಮ್ಮ ಪುರಾಣಕಾರರು ಮಾತ್ರ ಕೇಳಿದ್ದರು. ಆಕಾಶದಲ್ಲಿ ಹಾರುವ ವಿದ್ಯೆಯನ್ನು ಅವರು ಧಾರಾಳವಾಗಿ ಹಂಚಿದ್ದು ಎಲ್ಲರಿಗೂ ಗೊತ್ತು. ಹಾಗೆ ಕೊಟ್ಟ ವಿದ್ಯೆಗೆ ಎಲ್ಲೆಲ್ಲಿ ಬೇಲಿ ಹಾಕಿದರೆಂಬುದನ್ನು ನಾವು ಅಷ್ಟಾಗಿ ಗಮನಿಸಿಲ್ಲ. ಕೃತಯುಗದಲ್ಲಿ ಬೆಟ್ಟಗಳಿಗೆ ರೆಕ್ಕೆಗಳಿದ್ದುವು; ಅವು ಮನಬಂದಂತೆ ಹಾರಾಡುತ್ತಿದ್ದುದರಿಂದ ಕೆಳಗಿದ್ದ ದೇವತೆಗಳೂ ಋಷಿಗಳೂ ಯಾವುದು ಯಾವಾಗ ಮೈಮೇಲೆ ಬಿದ್ದೀತೋ ಎಂದು ನಡುಗಿದರು; ಇಂದ್ರನು ರೆಕ್ಕೆ ಕತ್ತರಿಸಿದನು. ಸಮುದ್ರದಲ್ಲಿ ಅಡಗಿ ಉಳಿದ ಮೈನಾಕನು ಹನುಮಂತನಿಗೆ ಹೇಳುವ ಕಥೆಯಿದು. ಇಲ್ಲಿ ಬೆಟ್ಟಗಳು ಯಾರನ್ನಾದರೂ ಕೊಂದುವೆಂಬ ಮಾತಿಲ್ಲ. ಬೀಳಬಹುದೆಂಬ ಭಯವೊಂದೇ ಶಿಕ್ಷೆಗೆ ಸಾಕಾಯಿತು. ನ್ಯಾಯವೋ ಅನ್ಯಾಯವೋ, ವಾಚಕರು ತೀರ್ಮಾನಿಸಲಿ.

ಇನ್ನೂ ಹತ್ತಿರದ ನಿದರ್ಶನ ಬೇಕಾದರೆ ಹಂಪೆಗೆ ಹೋಗಬೇಕು. 2021ರಲ್ಲಿ ವಿಜಯನಗರ ಜಿಲ್ಲೆ ಬೇರೆಯಾದ ಮೇಲೆ ಅದು ಬಳ್ಳಾರಿ ಜಿಲ್ಲೆಯಲ್ಲಿಲ್ಲವೆಂಬುದು ಕಂದಾಯ ಇಲಾಖೆಯ ಮಾತು; ಕಿಷ್ಕಿಂಧೆಯ ಎಲ್ಲೆಯನ್ನು ಯಾವ ಇಲಾಖೆಯೂ ಸರಿಸಲಾರದು. ಅಲ್ಲಿಯ ಮತಂಗ ಪರ್ವತಕ್ಕೆ ಆ ಹೆಸರು ತಂದ ಋಷಿಯ ಕಥೆ ಹೀಗೆ: ವಾಲಿಯು ದುಂದುಭಿಯೆಂಬ ರಾಕ್ಷಸನನ್ನು ಕೊಂದು ಹೆಣವನ್ನು ಎತ್ತಿ ಒಂದು ಯೋಜನ ದೂರಕ್ಕೆ ಬೀಸಿ ಎಸೆದನು. ಹಾರಿಹೋಗುತ್ತಿದ್ದ ಹೆಣದ ಬಾಯಿಂದ ಸುರಿದ ರಕ್ತದ ಹನಿಗಳನ್ನು ಗಾಳಿ ಒಯ್ದು ಮತಂಗನ ಆಶ್ರಮದಲ್ಲಿ ಚೆಲ್ಲಿತು. ವಾಲಿಗೆ ಋಷಿಯ ಮೇಲೆ ದ್ವೇಷವಿರಲಿಲ್ಲ. ಹನಿಗಳು ಅಲ್ಲಿಗೆ ಹೋಗಲೆಂದು ಅವನು ಬಯಸಿಯೂ ಇರಲಿಲ್ಲ. ಗಾಳಿ ಅವನ ಅಧೀನವಲ್ಲ. ಋಷಿ ಇದಾವುದನ್ನೂ ವಿಚಾರಿಸಲಿಲ್ಲ. ಇದನ್ನು ಮಾಡಿದವನು ಈ ವನದೊಳಗೆ ಕಾಲಿಟ್ಟರೆ ಸಾಯಲಿ ಎಂದು ಶಪಿಸಿದನು. ಅವನ ಕಡೆಯ ಕಪಿಗಳಿಗೆ ಮಾತ್ರ ಆ ಒಂದು ದಿನದ ಗಡುವು ಕೊಟ್ಟನು; ಮರುದಿನವೂ ಕಂಡವರು ಕಲ್ಲಾಗತಕ್ಕುದು. ವಾಲಿ ಬಂದು ಕೈಮುಗಿದು ಬೇಡಿಕೊಂಡರೂ ಋಷಿ ಕೇಳದೆ ಒಳಗೆ ಹೋದನು. ಆ ಗಡುವಿಗೆ ವಾಲ್ಮೀಕಿ ಬಳಸಿದ ಶಬ್ದ 'ಮರ್ಯಾದೆ'. ಎಲ್ಲೆಯೆಂಬುದು ಅದರ ಮೊದಲಿನ ಅರ್ಥ. ಗೌರವವೆಂಬುದು ನಾವು ಅದರ ಮೇಲೆ ಬೆಳೆಸಿಕೊಂಡದ್ದು.

ಆಕಾಶದಲ್ಲಿ ಆಡಿದವನು ನೆಲದಲ್ಲಿ ಆದ ಹಾನಿಗೆ, ತಪ್ಪಿದ್ದರೂ ಇಲ್ಲದಿದ್ದರೂ, ಹೊಣೆ ಹೊರಬೇಕು ಎಂಬ ಮತಂಗನ ಈ ಕಟ್ಟಳೆಯನ್ನು ಲೋಕದ ರಾಷ್ಟ್ರಗಳು ಕಾಗದದ ಮೇಲೆ ಬರೆದುದು 1972ರಲ್ಲಿ. ಬಾಹ್ಯಾಕಾಶದ ವಸ್ತುಗಳಿಂದ ಭೂಮಿಯ ಮೇಲೆ ಹಾನಿಯಾದರೆ ಹಾರಿಸಿದ ರಾಷ್ಟ್ರವು ನಿರಪವಾದವಾಗಿ ಹೊಣೆಯೆಂದು ಆ ವರ್ಷದ ಒಡಂಬಡಿಕೆ ಹೇಳುತ್ತದೆ. 1978ರ ಜನವರಿಯಲ್ಲಿ ಅಣುಶಕ್ತಿಯನ್ನು ಹೊತ್ತಿದ್ದ ಸೋವಿಯತ್ ಉಪಗ್ರಹ ಕಾಸ್ಮೋಸ್ 954 ಕೆನಡಾದ ಹಿಮದ ಮೇಲೆ ಚೂರುಚೂರಾಗಿ ಬಿದ್ದಾಗ ಕೆನಡಾ ಆರು ಮಿಲಿಯ ಡಾಲರುಗಳಷ್ಟು ಕೇಳಿ 1981ರಲ್ಲಿ ಮೂರು ಮಿಲಿಯ ಪಡೆಯಿತು. ಮರುವರ್ಷ, 1979ರ ಜುಲೈಯಲ್ಲಿ, ಸ್ಕೈಲ್ಯಾಬ್ ಬೀಳಲಿದೆಯೆಂಬ ಸುದ್ದಿಗೆ ನಮ್ಮ ದೇಶದ ಹಳ್ಳಿಹಳ್ಳಿಯೂ ತಲ್ಲಣಿಸಿದ್ದನ್ನು ಹಿರಿಯರು ಇಂದಿಗೂ ಹೇಳುತ್ತಾರೆ. ಇದ್ದ ಕೋಳಿ ಕುರಿಯನ್ನು ಕೊಯ್ದು ಉಂಡು ಕಾದವರೂ ಇದ್ದರಂತೆ. ಅದು ಬಿದ್ದುದು ಪಶ್ಚಿಮ ಆಸ್ಟ್ರೇಲಿಯದಲ್ಲಿ. ಅಲ್ಲಿಯ ಎಸ್ಪೆರನ್ಸ್ ಎಂಬ ಸಣ್ಣ ಊರಿನ ಆಡಳಿತವು ಕಸ ಚೆಲ್ಲಿದ ತಪ್ಪಿಗೆ ಅಮೆರಿಕಕ್ಕೆ ನಾನೂರು ಡಾಲರ್ ದಂಡ ಹಾಕಿತು. ವಿನೋದಕ್ಕೆ ಹಾಕಿದ ದಂಡವೇ ಇರಬಹುದು, ಮತಂಗನಿದ್ದಿದ್ದರೆ ತಲೆದೂಗುತ್ತಿದ್ದನು.

ಉತ್ತರಕಾಂಡದಲ್ಲಿ ಇನ್ನೊಂದು ಪ್ರಸಂಗವಿದೆ. ಕುಬೇರನಿಂದ ಕಿತ್ತುಕೊಂಡ ಪುಷ್ಪಕದಲ್ಲಿ ರಾವಣನು ಹೋಗುತ್ತಿರುವಾಗ ವಿಮಾನ ಇದ್ದಕ್ಕಿದ್ದಂತೆ ನಿಂತುಬಿಡುತ್ತದೆ. ನಂದೀಶ್ವರನು ಬಂದು, ಈ ಗಿರಿಯಲ್ಲಿ ಶಂಕರನು ವಿಹರಿಸುತ್ತಿದ್ದಾನೆ, ಗರುಡರಿಗಾಗಲಿ ಯಕ್ಷಗಂಧರ್ವರಿಗಾಗಲಿ ದೇವತೆಗಳಿಗೇ ಆಗಲಿ ಇತ್ತ ದಾರಿಯಿಲ್ಲ, ಹಿಂದಿರುಗು ಎನ್ನುತ್ತಾನೆ. ಜೈನ ರಾಮಾಯಣದ ಪರಂಪರೆಯು ಇದೇ ಘಟನೆಯನ್ನು ಬೇರೆ ಬಗೆಯಲ್ಲಿ ಹೇಳುತ್ತದೆ. ಅಲ್ಲಿ ವಾನರರೂ ರಾಕ್ಷಸರೂ ವಿದ್ಯಾಧರ ಕುಲದವರು; ಹಾರುವುದು ಅವರ ಮನೆತನದ ವಿದ್ಯೆ. ರಾವಣನ ವಿಮಾನ ನಿಲ್ಲುವುದು ರಾಜ್ಯ ತೊರೆದು ತಪಸ್ಸಿಗೆ ನಿಂತ ವಾಲಿಮುನಿಯ ನೆತ್ತಿಯ ಮೇಲೆ ಬಂದಾಗ. ಮೊದಲನೆಯ ಕಥೆಯಲ್ಲಿ ಆಕಾಶವನ್ನು ಮುಚ್ಚಿದವನು ಒಡೆಯ. ಎರಡನೆಯದರಲ್ಲಿ ಏನನ್ನೂ ತನ್ನದೆನ್ನದ ವಿರಕ್ತ. ಎರಡನೆಯದು ಸೂಕ್ಷ್ಮತರವಾದ ಧರ್ಮವೆಂದು ನನಗೆ ತೋರುತ್ತದೆ. ನಮ್ಮ ಕಾಲದ ಅಂತರರಾಷ್ಟ್ರೀಯ ನಿಬಂಧನೆಗಳು ಹಿಡಿದುದು ಮೊದಲನೆಯ ದಾರಿಯನ್ನು. 1919ರ ಪ್ಯಾರಿಸ್ ಒಡಂಬಡಿಕೆ, ಅದರ ಸ್ಥಾನದಲ್ಲಿ ಬಂದ 1944ರ ಷಿಕಾಗೋ ಒಡಂಬಡಿಕೆ, ಎರಡೂ ನೆಲದ ಒಡೆಯನನ್ನೇ ಮೇಲಿನ ಗಾಳಿಗೂ ಒಡೆಯನನ್ನಾಗಿ ಮಾಡಿದುವು. ಎಷ್ಟು ಎತ್ತರದವರೆಗೆ ಎಂಬುದನ್ನು ಮಾತ್ರ ಯಾರೂ ಹೇಳಲಿಲ್ಲ. 1967ರ ಬಾಹ್ಯಾಕಾಶ ಒಡಂಬಡಿಕೆಯು ಅದರಾಚೆಯದನ್ನು ಮನುಕುಲಕ್ಕೆಲ್ಲ ಸೇರಿದ್ದೆಂದು ಸಾರಿ, ಯಾವ ರಾಷ್ಟ್ರವೂ ಅಲ್ಲಿ ಬೇಲಿ ಹಾಕಕೂಡದೆಂದಿತು; ಬೇಲಿ ಎಲ್ಲಿಂದ ಆರಂಭವಾಗುತ್ತದೆಂದು ಅದೂ ಹೇಳಲಿಲ್ಲ.

ಈ ಎರಡು ಕಾಗದಗಳ ನಡುವೆ ಸಿಕ್ಕಿಕೊಂಡಿರುವುದು ಮೋಡ. ವಿಮಾನಕ್ಕೆ ನಿಯಮವುಂಟು, ಉಪಗ್ರಹಕ್ಕೆ ನಿಯಮವುಂಟು. ಗಾಳಿ ತಳ್ಳಿದತ್ತ ಹೋಗುವ ಈ ನೀರಿನ ಮೂಟೆಗೆ ಪಾಸುಪತ್ರವಿಲ್ಲ.

ಮಳೆ ತರಿಸುತ್ತೇನೆಂದು ಹಣಕ್ಕೆ ಕರಾರು ಮಾಡಿಕೊಂಡವರಲ್ಲಿ ಪ್ರಸಿದ್ಧನಾದವನು ಅಮೆರಿಕದ ಚಾರ್ಲ್ಸ್ ಹ್ಯಾಟ್‌ಫೀಲ್ಡ್. ಸ್ಯಾನ್ ಡಿಯಾಗೋ ನಗರದ ಕೆರೆಯನ್ನು ತುಂಬಿಸಿದರೆ ಹತ್ತು ಸಾವಿರ ಡಾಲರ್ ಎಂದು ಮಾತಾಯಿತು. 1916ರ ಜನವರಿಯಲ್ಲಿ ಅವನು ಗೋಪುರ ಕಟ್ಟಿ ಏನೇನೋ ರಸಗಳನ್ನು ಆವಿಯಾಗಿಸಿದನು. ಮಳೆ ಬಂದಿತು, ಎಷ್ಟು ಬಂದಿತೆಂದರೆ ಒಂದು ಅಣೆಕಟ್ಟು ಒಡೆಯಿತು, ಜನ ಸತ್ತರು. ಹ್ಯಾಟ್‌ಫೀಲ್ಡ್ ಹಣ ಕೇಳಲು ಹೋದನು. ಹಾನಿಯ ಹೊಣೆಯನ್ನೂ ನೀನೇ ಹೊತ್ತರೆ ಕೊಡುತ್ತೇವೆಂದಿತು ನಗರಸಭೆ. ವ್ಯಾಜ್ಯ ವರುಷಗಟ್ಟಲೆ ನಡೆದು ಕೊನೆಗೆ ಮಳೆ ದೈವಕೃತವೆಂದು ತೀರ್ಮಾನವಾಯಿತು. ದುಡ್ಡು ಕೊಡಬೇಕಾದಾಗ ಮಳೆ ದೇವರದು, ಕೊಡಬೇಕಾಗಿಲ್ಲದಾಗ ಮನುಷ್ಯನದು. ನಮ್ಮ ಕಡೆಯ ಜಮೀನ್ದಾರರೂ ಈ ತರ್ಕವನ್ನು ಬಲ್ಲವರಾಗಿದ್ದರು.

ಹ್ಯಾಟ್‌ಫೀಲ್ಡನ ಗೋಪುರದಲ್ಲಿ ವಿಜ್ಞಾನವಿರಲಿಲ್ಲ. ವಿಜ್ಞಾನ ಬಂದುದು 1946ರಲ್ಲಿ. ಆ ವರ್ಷದ ನವೆಂಬರಿನಲ್ಲಿ ವಿನ್ಸೆಂಟ್ ಷೇಫರ್ ವಿಮಾನದಿಂದ ಮೋಡದೊಳಕ್ಕೆ ಘನೀಭೂತವಾದ ಇಂಗಾಲಾಮ್ಲವನ್ನು ಉದುರಿಸಿ ಹಿಮ ಬೀಳುವುದನ್ನು ಕಂಡನು. ಅವನ ಸಹೋದ್ಯೋಗಿ ಬರ್ನಾರ್ಡ್ ವಾನೆಗಟ್ ಬೆಳ್ಳಿಯ ಅಯೊಡೈಡನ್ನು ಕಂಡುಹಿಡಿದನು. ಕೆಲಸದ ರೀತಿ ಸರಳ. ಮೋಡದಲ್ಲಿರುವ ನೀರಿನ ಕಣಗಳು ಸೊನ್ನೆ ಡಿಗ್ರಿಗಿಂತ ಕೆಳಗೂ ಹೆಪ್ಪುಗಟ್ಟದೆ ತೇಲುತ್ತಿರಬಲ್ಲವು. ಹಿಮದ ಹರಳನ್ನು ಹೋಲುವ ಬೆಳ್ಳಿಯ ಕಣವೊಂದು ಸಿಕ್ಕರೆ ಅದನ್ನು ಹಿಡಿದು ಹರಳಾಗಿ, ಬೆಳೆದು, ಭಾರವಾಗಿ ಬೀಳುತ್ತವೆ. ಹಾಲಿಗೆ ಹೆಪ್ಪು ಹಾಕಿದ ಹಾಗೆ ಎನ್ನಬಹುದು. ಹಾಲೇ ಇಲ್ಲದ ಗಡಿಗೆಗೆ ಹೆಪ್ಪು ಹಾಕಿ ಫಲವಿಲ್ಲವೆಂಬುದೂ ಈ ಹೋಲಿಕೆಯೊಳಗೇ ಇದೆ. ಬರಿಯ ನೀಲಿ ಆಕಾಶದಿಂದ ಮಳೆ ಬರಿಸುವ ವಿದ್ಯೆ ಇನ್ನೂ ಯಾರಿಗೂ ಸಿದ್ಧಿಸಿಲ್ಲ.

ವಿದ್ಯೆ ಸಿದ್ಧಿಸಿದ ಮರುಗಳಿಗೆಗೆ ವ್ಯಾಜ್ಯಗಳು ಹುಟ್ಟಿದುವು. 1950ರಲ್ಲಿ ನ್ಯೂಯಾರ್ಕ್ ನಗರವು ಕುಡಿಯುವ ನೀರಿಗಾಗಿ ಮೋಡ ಬಿತ್ತಹೊರಟಾಗ, ಬೆಟ್ಟದ ಮೇಲೆ ವಿಹಾರಗೃಹ ನಡೆಸುತ್ತಿದ್ದವರು ತಮ್ಮ ವ್ಯಾಪಾರ ಕೆಡುತ್ತದೆಂದು ತಡೆಯಾಜ್ಞೆ ಬೇಡಿದರು. ಮೋಡದ ಮೇಲೆ ನಿಮಗೆ ಒಡೆತನವಿಲ್ಲವೆಂದಿತು ನ್ಯಾಯಾಲಯ. ದಶಕ ಮುಗಿಯುವುದರೊಳಗೆ ಟೆಕ್ಸಾಸಿನ ನ್ಯಾಯಾಲಯವು ತದ್ವಿರುದ್ಧವಾಗಿ ಹೇಳಿತು: ಆಲಿಕಲ್ಲು ತಡೆಯುವ ನೆಪದಲ್ಲಿ ಒಬ್ಬರು ಮೋಡ ಕೆಡಿಸುತ್ತಿದ್ದಾರೆಂದು ದನ ಸಾಕುವವರು ದೂರಿದಾಗ, ಪ್ರಕೃತಿ ಕೊಡುವ ಮಳೆಗೆ ನೆಲದವನು ಹಕ್ಕುದಾರನೆಂದು ತಡೆಯಾಜ್ಞೆ ಕೊಟ್ಟಿತು. ಒಂದೇ ದೇಶ, ಒಂದೇ ಭಾಷೆ, ಒಂದೇ ಮೋಡ. ಧರ್ಮ ಮಾತ್ರ ಎರಡು.

ಮುಂದಿನದು ಕರಾಳವಾದ ಅಧ್ಯಾಯ. 1967ರ ಜನವರಿಯಲ್ಲಿ ಬಾಹ್ಯಾಕಾಶವು ಶಾಂತಿಗೆ ಮೀಸಲೆಂದು ವಾಷಿಂಗ್ಟನ್ನಿನಲ್ಲೂ ಮಾಸ್ಕೋದಲ್ಲೂ ಲಂಡನ್ನಿನಲ್ಲೂ ರುಜು ಬೀಳಲಾರಂಭಿಸಿತು. ಅದೇ ವರ್ಷದ ಮಾರ್ಚಿಯಲ್ಲಿ ಅಮೆರಿಕದ ವಿಮಾನಗಳು ವಿಯಟ್ನಾಮ್, ಲಾವೋಸ್‌ಗಳ ಮುಂಗಾರು ಮೋಡಗಳಲ್ಲಿ ಗುಟ್ಟಾಗಿ ಬೆಳ್ಳಿಯ ಅಯೊಡೈಡನ್ನು ಬಿತ್ತತೊಡಗಿದುವು. ಹೋ ಚಿ ಮಿನ್ ದಾರಿ ಕೆಸರಾಗಿ ಲಾರಿಗಳು ಹೂತುಕೊಳ್ಳಲೆಂದು ಮಳೆಗಾಲವನ್ನು ಉದ್ದಮಾಡುವ ಹಂಚಿಕೆ ಅದು. 1972ರವರೆಗೆ ನಡೆದು, ಸುದ್ದಿ ಬಯಲಾಗಿ, ನಿಂತಿತು. ಇದರ ನಾಚಿಕೆಯಿಂದ ಹುಟ್ಟಿದ್ದು 1977ರ ಜಿನೀವಾ ಒಡಂಬಡಿಕೆ. ವಾತಾವರಣವನ್ನು ಮಾರ್ಪಡಿಸಿ ಅದನ್ನು ಹಗೆತನದ ಅಸ್ತ್ರವಾಗಿ ಬಳಸಕೂಡದೆಂದು ಅದು ನಿಷೇಧಿಸಿತು. ಭಾರತವೂ ಅದಕ್ಕೆ ಬದ್ಧವಾಗಿದೆ. ಆಕಾಶದ ಮಾಯೆಗೆ ಮನುಷ್ಯರು ಹಾಕಿಕೊಂಡ ನಿಜವಾದ ಕಟ್ಟಳೆ ಇದೊಂದೇ ಎನ್ನಬೇಕು. ಆದರೆ ಅದು ತಡೆಯುವುದು ಶತ್ರುವನ್ನು. ನೆಂಟನನ್ನು ತಡೆಯುವುದಿಲ್ಲ, ಶಾಂತಿಕಾರ್ಯಕ್ಕೆ ಅಡ್ಡಿಯಿಲ್ಲವೆಂದು ಅದರಲ್ಲೇ ಬರೆದಿದೆ. ಹೊಲಗಳ ಬದುಗಳಲ್ಲಿ ನಡೆಯುವ ಜಗಳಗಳು ನೆಂಟರ ನಡುವಿನವೇ ಎಂಬುದನ್ನು ಹಳ್ಳಿಯವರಿಗೆ ಹೇಳಿಕೊಡಬೇಕಾಗಿಲ್ಲ.

ಕರ್ನಾಟಕವು ಬರಗಾಲದ 2003ರಲ್ಲಿ 'ವರುಣ' ಎಂಬ ಹೆಸರಿನಲ್ಲಿಯೂ 2017ರಲ್ಲಿ 'ವರ್ಷಧಾರೆ' ಎಂಬ ಹೆಸರಿನಲ್ಲಿಯೂ ಮೋಡ ಬಿತ್ತನೆ ಮಾಡಿತು. 2019ರಲ್ಲಿ ಮತ್ತೆ ವಿಮಾನಗಳು ಹಾರಿದುವು. ಅದೇ ವರ್ಷ ಮುಜರಾಯಿ ಇಲಾಖೆಯು ತನ್ನ ದೇವಾಲಯಗಳಲ್ಲಿ ಮಳೆಗಾಗಿ ಪೂಜೆ ನಡೆಯಬೇಕೆಂದು ಆಜ್ಞೆ ಮಾಡಿತು. ಇದನ್ನು ಕಂಡು ನಕ್ಕವರು ಬಹಳ. ನನಗೆ ನಗಲು ಮನಸ್ಸಾಗಲಿಲ್ಲ. ಮಳೆ ಬಾರದಿರುವಾಗ ಮನುಷ್ಯನು ಇರುವ ಬಾಗಿಲನ್ನೆಲ್ಲ ತಟ್ಟುತ್ತಾನೆ. 1876ರಿಂದ 78ರವರೆಗಿನ ಧಾತು-ಈಶ್ವರ ಸಂವತ್ಸರಗಳ ಮಹಾಕ್ಷಾಮದಲ್ಲಿ ಎಣಿಕೆಗೆ ಸಿಗದಷ್ಟು ಜನರನ್ನು ಕಳೆದುಕೊಂಡ ಬಳ್ಳಾರಿಯಂಥ ಸೀಮೆ ಯಾವ ಬಾಗಿಲನ್ನು ಬಿಟ್ಟೀತು? ಕೇಳಬೇಕಾದ ಪ್ರಶ್ನೆ ಬೇರೆ. ಬಿತ್ತನೆಯಿಂದ ಎಷ್ಟು ಮಳೆ ಹೆಚ್ಚಾಯಿತು? ಬಿದ್ದ ಮಳೆಯಲ್ಲಿ ದೇವರ ಪಾಲೆಷ್ಟು, ಬೆಳ್ಳಿಯ ಪಾಲೆಷ್ಟು ಎಂದು ಬೇರ್ಪಡಿಸುವುದು ಸುಲಭವಲ್ಲ. ಪುಣೆಯ ಭಾರತೀಯ ಉಷ್ಣವಲಯ ಪವನವಿಜ್ಞಾನ ಸಂಸ್ಥೆಯವರು 2018, 2019ರ ಮಳೆಗಾಲಗಳಲ್ಲಿ ಸೊಲ್ಲಾಪುರದ ಸುತ್ತ ಕೆಲವು ಮೋಡಗಳನ್ನು ಬಿತ್ತಿ, ಅಂಥವೇ ಕೆಲವನ್ನು ಬಿತ್ತದೆ ಬಿಟ್ಟು ಹೋಲಿಸಿ ನೋಡಿದರು. ಸರಾಸರಿ ಶೇಕಡ 18ರಷ್ಟು ಮಳೆ ಹೆಚ್ಚಾಯಿತೆಂದು 2023ರಲ್ಲಿ ಪ್ರಕಟಿಸಿದರು. ತಕ್ಕ ಮೋಡವಿದ್ದಾಗಿನ ಮಾತಿದು. ಬರ ನೀಗುವಷ್ಟು ದೊಡ್ಡ ಸಂಖ್ಯೆಯಲ್ಲ. ಜಗಳಕ್ಕೆ ಸಾಲದಷ್ಟು ಸಣ್ಣದೂ ಅಲ್ಲ.

ಜಗಳಕ್ಕೆ ನಿಜವಾದ ಕಾರಣವೇ ಬೇಕೆಂದಿಲ್ಲ, ಸಂಶಯವಿದ್ದರೆ ಸಾಕು. 2018ರಲ್ಲಿ ಇರಾನಿನ ಸೇನಾಧಿಕಾರಿಯೊಬ್ಬರು ಇಸ್ರೇಲು ತಮ್ಮ ಮೋಡಗಳನ್ನು ಕದಿಯುತ್ತಿದೆಯೆಂದು ಬಹಿರಂಗವಾಗಿ ದೂರಿದರು. ಅವರದೇ ದೇಶದ ಹವಾಮಾನ ಇಲಾಖೆಯ ಮುಖ್ಯಸ್ಥರು ಅದು ಸಾಧ್ಯವಿಲ್ಲವೆಂದರು. ಈ ಶತಮಾನದ ಮೊದಲ ಬರಗಳಲ್ಲಿ ಮಹಾರಾಷ್ಟ್ರದ ಸಾತಾರಾ, ಸಾಂಗಲಿ ಕಡೆಯ ರೈತರು ಗುಡ್ಡದ ಮೇಲಣ ಗಾಳಿಯಂತ್ರಗಳು ಮೋಡವನ್ನು ಓಡಿಸುತ್ತವೆಂದು ತಿರುಗಿಬಿದ್ದಿದ್ದರು. ನಮ್ಮ ಬಯಲುಸೀಮೆಯ ಹಳ್ಳಿಗಳಲ್ಲಿ ಇದಕ್ಕಿಂತ ನೋವಿನ ಸಂಗತಿಯೊಂದುಂಟು. ತೊನ್ನು ಹತ್ತಿದವರನ್ನು ಹೂಳಿದರೆ ಆ ಊರಿನ ಮೇಲೆ ಮಳೆ ಬೀಳುವುದಿಲ್ಲವೆಂಬ ನಂಬಿಕೆ. ಮುಂಗಾರು ಕೈಕೊಟ್ಟ ವರ್ಷಗಳಲ್ಲಿ ಗೋರಿಯನ್ನು ಅಗೆದು ಹೆಣವನ್ನು ಹೊರತೆಗೆದು ಸುಟ್ಟ ಸುದ್ದಿಗಳು ನಮ್ಮ ಕಾಲದ ಪತ್ರಿಕೆಗಳಲ್ಲೂ ಬಂದಿವೆ. ಬದುಕಿರುವಾಗ ಊರಿನ ಹೊರಗೆ ಕುಳಿತ ಜೀವ, ಸತ್ತ ಮೇಲೆ ಮೋಡಗಳ್ಳನೆಂಬ ಆರೋಪವನ್ನೂ ಹೊರಬೇಕಾಗುತ್ತದೆ. ವಿಚಾರಣೆಯಿಲ್ಲ, ಸಾಕ್ಷಿಯಿಲ್ಲ. ಆಕಾಶಕ್ಕೆ ಬರೆದಿಟ್ಟ ಧರ್ಮವಿಲ್ಲದಾಗ ತೀರ್ಪು ಯಾರ ಮೇಲೆ ಬೀಳುತ್ತದೆಂಬುದಕ್ಕೆ ಇದಕ್ಕಿಂತ ಬೇರೆ ಉದಾಹರಣೆ ನನಗೆ ಬೇಕಿಲ್ಲ.

ಅದೇ ಹಳ್ಳಿಗಳಲ್ಲಿ ಸೌಮ್ಯವಾದ ಮಾಯೆಯೂ ಇದೆ. ಮಣ್ಣಿನಿಂದಲೋ ಸಗಣಿಯಿಂದಲೋ ಗುರ್ಜಿಯನ್ನು ಮಾಡಿ ರೊಟ್ಟಿಯ ಹಂಚಿನ ಮೇಲೆ ಕೂರಿಸಿ, ಹುಡುಗನೊಬ್ಬನ ತಲೆಯ ಮೇಲಿಟ್ಟು ಮನೆಮನೆಗೆ ಕರೆದೊಯ್ಯುತ್ತಾರೆ. ಮನೆಯ ಹೆಣ್ಣುಮಗಳು ಒಂದು ಕೊಡ ನೀರನ್ನು ಅದರ ಮೇಲೆ ಸುರಿಯುತ್ತಾಳೆ. ಹುಡುಗ ತೊಯ್ದು ಗಿರ್ರನೆ ತಿರುಗುತ್ತಾನೆ. ಹಿಟ್ಟೋ ಜೋಳವೋ ಸಿಕ್ಕಿದ್ದನ್ನು ಕೂಡಿಸಿ ಬೇಯಿಸಿ ಎಲ್ಲರೂ ಉಣ್ಣುತ್ತಾರೆ. ನೀರಿಲ್ಲದ ದಿನ ಒಂದು ಕೊಡ ನೀರನ್ನು ಮಣ್ಣಿಗೆ ಸುರಿಯುವುದು ಸಣ್ಣ ತ್ಯಾಗವೇನೂ ಅಲ್ಲ. ಗುರ್ಜಿಯಿಂದ ಮಳೆ ಬರುತ್ತದೆಯೇ ಎಂದು ಕೇಳುವವರು ಕೇಳಲಿ. ಅದರಿಂದ ಪಕ್ಕದ ಊರಿನ ಮಳೆ ಕಡಮೆಯಾಯಿತೆಂದು ಯಾರೂ ಇಲ್ಲಿಯವರೆಗೆ ದೂರಿಲ್ಲ.

ಹನುಮಂತನ ಬಾಲ್ಯದ ಕಥೆಯನ್ನು ಇಲ್ಲಿ ನೆನೆಯಬೇಕೆನಿಸುತ್ತದೆ. ಆನೆಗೊಂದಿಯ ಅಂಜನಾದ್ರಿಯ ಮಗುವಲ್ಲವೆ! ಸೂರ್ಯನನ್ನು ಹಣ್ಣೆಂದು ತಿಳಿದು ನೆಗೆದಾಗ ಮೊದಲು ದೂರು ಕೊಟ್ಟವನು ರಾಹು. ಆ ದಿನದ ಸೂರ್ಯ ತನ್ನ ಪಾಲಿನದು, ಅದನ್ನು ಇನ್ನೊಬ್ಬನಿಗೆ ಹೇಗೆ ಕೊಟ್ಟೆ ಎಂದು ಇಂದ್ರನನ್ನು ಅವನು ಕೇಳಿದನು. ಅಂದರೆ ಆಕಾಶದಲ್ಲಿ ಪಾಲುಗಳು ನಿಶ್ಚಯವಾಗಿದ್ದುವು. ಇಂದ್ರ ವಜ್ರದಿಂದ ಹೊಡೆದನು, ಮಗುವಿನ ದವಡೆ ಮುರಿಯಿತು, ತಂದೆಯಾದ ವಾಯು ಮುನಿದು ಬೀಸುವುದನ್ನೇ ನಿಲ್ಲಿಸಿದನು. ಮೂರು ಲೋಕ ಉಸಿರುಕಟ್ಟಿದ ಮೇಲೆ ದೇವತೆಗಳು ಇಳಿದುಬಂದು ಸಂಧಾನ ಮಾಡಿ ಮಗುವಿಗೆ ವರಗಳನ್ನು ಕೊಟ್ಟರು. ವರ ಪಡೆದ ಮಗು ಆಶ್ರಮಗಳಲ್ಲಿ ದಾಂಧಲೆ ಮಾಡಿದಾಗ ಋಷಿಗಳು ವರವನ್ನು ಕಿತ್ತುಕೊಳ್ಳಲಿಲ್ಲ. ಯಾರಾದರೂ ನೆನಪಿಸುವ ತನಕ ನಿನ್ನ ಶಕ್ತಿ ನಿನಗೆ ಮರೆತಿರಲಿ ಎಂದರು. ವಿದ್ಯೆ ಉಳಿಯಿತು, ಬಳಸಲು ಇನ್ನೊಬ್ಬರ ಮಾತು ಬೇಕಾಯಿತು. 1892ರ ಒಪ್ಪಂದದ ತಿರುಳೂ ಇದೇ ಅಲ್ಲವೆ?

ನಮ್ಮ ಸಂವಿಧಾನದ ಏಳನೆಯ ಅನುಸೂಚಿಯಲ್ಲಿ ನೀರು ರಾಜ್ಯದ ಪಟ್ಟಿಯಲ್ಲಿದೆ. ಅಂತರರಾಜ್ಯ ನದಿಗಳೂ ವಾಯುಮಾರ್ಗಗಳೂ ಹವಾಮಾನ ಸಂಸ್ಥೆಗಳೂ ಕೇಂದ್ರದ ಪಟ್ಟಿಯಲ್ಲಿವೆ. ಮೋಡದ ಹೆಸರು ಯಾವುದರಲ್ಲಿಯೂ ಇಲ್ಲ. ನದಿಯ ಜಗಳಕ್ಕೆ 262ನೆಯ ವಿಧಿಯುಂಟು, 1956ರ ಕಾಯಿದೆಯುಂಟು. ಮೋಡದ ಜಗಳಕ್ಕೆ ರಾಜ್ಯಗಳು ಹೋಗಬೇಕಾದ ಕಟ್ಟೆ ಯಾವುದು? ಕರ್ನಾಟಕ, ಆಂಧ್ರ, ಮಹಾರಾಷ್ಟ್ರಗಳು ಮೂರೂ ಮೋಡ ಬಿತ್ತಿದವುಗಳೇ. ಇವು ಕುಳಿತು ಒಂದು ಒಡಂಬಡಿಕೆ ಬರೆಯಲೆಂದು ಆಶಿಸುವುದು ಅತಿಯಾಗಲಾರದು. ಬಿತ್ತುವ ಮುನ್ನ ಗಾಳಿ ಹೋಗುವ ದಿಕ್ಕಿನವರಿಗೆ ತಿಳಿಸುವುದು, ಯಾವ ದಿನ ಯಾವ ಮೋಡಕ್ಕೆ ಎಷ್ಟು ಹಾಕಿದೆವೆಂಬ ಲೆಕ್ಕವನ್ನು ಯಾರು ಕೇಳಿದರೂ ತೋರಿಸುವುದು, ಹೊಳೆ ಉಕ್ಕಿರುವಾಗ ಕೈಕಟ್ಟಿ ಕೂರುವುದು. ಮೊದಲಿಗೆ ಇಷ್ಟಾದರೆ ಬಹಳ. ಹಾನಿಯ ಹೊಣೆಯ ಮಾತು ಬಂದಾಗ ವಕೀಲರು ಬರುತ್ತಾರೆ, ಆಮೇಲೆ ವರ್ಷಗಳು ಹೋಗುತ್ತವೆ. ಲೆಕ್ಕವನ್ನು ತೆರೆದಿಡುವುದಕ್ಕೆ ಅಷ್ಟು ಕಾಯಬೇಕಾಗಿಲ್ಲ.

1953ರ ಅಕ್ಟೋಬರ್ 1ರಂದು ಹಳೆಯ ಬಳ್ಳಾರಿ ಜಿಲ್ಲೆ ಒಡೆದು ಸಿರುಗುಪ್ಪ ಮೈಸೂರಿಗೆ, ಆದೋನಿ, ಆಲೂರು, ರಾಯದುರ್ಗಗಳು ಆಂಧ್ರಕ್ಕೆ ಸೇರಿದುವು. ಆ ಗೆರೆ ರಾರಾವಿಗೆ ಪೂರ್ವದಲ್ಲಿ, ಬಹುದೂರವಲ್ಲದೆ, ಹಾದುಹೋಗುತ್ತದೆ. ಮುಂಗಾರಿನ ಗಾಳಿ ಬೀಸುವುದು ಪಶ್ಚಿಮದಿಂದ. ಸಿರುಗುಪ್ಪದ ನೆತ್ತಿಯ ಮೇಲೆ ಬೆಳ್ಳಿಯ ಹೆಪ್ಪು ಹಾಕಿಸಿಕೊಂಡ ಮೋಡ ಹರಳುಗಟ್ಟಿ ಭಾರವಾಗಿ ಇಳಿಯಲು ಒಂದಿಷ್ಟು ಹೊತ್ತು ಬೇಕು. ಅಷ್ಟರಲ್ಲಿ ಗಾಳಿ ಅದನ್ನು ಹಗರಿಯ ಮರಳಿನಾಚೆಗೆ ತಳ್ಳಿರುತ್ತದೆ. ದುಡ್ಡು ಬೆಂಗಳೂರಿನದು, ಮಳೆ ಆದೋನಿಯ ಹತ್ತಿ ಹೊಲದ್ದು. ಹೊಲದವನು ಅದಕ್ಕಾಗಿ ಯಾರಿಗೆ ಕೈಮುಗಿಯಬೇಕೆಂಬುದೂ, ಕೊಯ್ಲಿನ ಹೊತ್ತಿಗೆ ಸುರಿದು ಅರಳೆ ಕೆಟ್ಟರೆ ಯಾರನ್ನು ಬಯ್ಯಬೇಕೆಂಬುದೂ ಸದ್ಯಕ್ಕೆ ಎಲ್ಲಿಯೂ ಬರೆದಿಲ್ಲ.